ಅಸಲು ಯಾವಾಗ ಕರಗುತ್ತದೆ: ಒಂದು ಗೃಹಸಾಲದ 12 ವರ್ಷದ ಲೆಕ್ಕ

2012ರ ಮಾರ್ಚ್ ತಿಂಗಳಲ್ಲಿ ಬೆಂಗಳೂರಿನ ಕೆಂಗೇರಿ ಕಡೆ ಎರಡು ಕೋಣೆಯ ಫ್ಲ್ಯಾಟೊಂದನ್ನು ಕೊಳ್ಳಲು ನಾನು 30 ಲಕ್ಷ ರೂಪಾಯಿ ಗೃಹಸಾಲ ಪಡೆದೆ. ಬಡ್ಡಿ ಶೇ. 10.5, ಅವಧಿ 20 ವರ್ಷ, ತಿಂಗಳ ಕಂತು 29,951 ರೂಪಾಯಿ. ಆ ವರ್ಷದ ಯುಗಾದಿಗೆ ಮಂಜೂರಾತಿ ಪತ್ರದ ನಕಲು ಹಿಡಿದು ತಿಪಟೂರಿನ ಹತ್ತಿರದ ನಮ್ಮ ಊರಿಗೆ ಹೋದಾಗ, ಅಪ್ಪ ಅಟ್ಟದಿಂದ ಇಳಿಸಿದ ಕೊಬ್ಬರಿಯನ್ನು ಜಗಲಿಯ ಮೇಲೆ ಹರಡಿಕೊಂಡು ದಪ್ಪ, ಸಣ್ಣ ಎಂದು ಬೇರೆ ಮಾಡುತ್ತಿದ್ದರು. ಪತ್ರವನ್ನು ಕೈಯಲ್ಲಿ ಹಿಡಿದು ನೋಡಿ, "ನೂರಕ್ಕೆ ಎಷ್ಟು ಬೀಳ್ತದಪ್ಪ?" ಎಂದು ಕೇಳಿದರು. ನಮ್ಮ ಕಡೆ ಬಡ್ಡಿಯನ್ನು ಹೇಳುವುದು ತಿಂಗಳಿಗೆ ನೂರಕ್ಕೆ ಎಷ್ಟು ರೂಪಾಯಿ ಎಂದು. ಪರಿಚಯದವರ ಕೈಸಾಲವಾದರೆ ನೂರಕ್ಕೆ ಎರಡು, ಅವಸರಕ್ಕೆ ಬಿದ್ದರೆ ಮೂರು. ನಾನು ಲೆಕ್ಕ ಹಾಕಿ, ಎಂಬತ್ತೇಳೂವರೆ ಪೈಸೆ ಎಂದೆ. "ಬಡ್ಡಿ ಪರವಾಗಿಲ್ಲ. ಅಸಲು ಯಾವಾಗ ಕರಗೋಕೆ ಶುರುವಾಗ್ತದೆ?" ಎಂದು ಅವರು ಮತ್ತೆ ಕೇಳಿದರು. ಮೊದಲ ತಿಂಗಳಿನಿಂದಲೇ, ಕಂತಿನೊಳಗೆ ಅಸಲೂ ಸೇರಿದೆ ಎಂದು ನಾನು ಉತ್ತರಿಸಿದೆ. ಆ ಉತ್ತರದಲ್ಲಿ ತಪ್ಪೇನೂ ಇರಲಿಲ್ಲ. ಆದರೆ ಅಪ್ಪ ಕೇಳಿದ್ದು ಏನನ್ನು ಎಂಬುದು ನನಗೆ ಅರ್ಥವಾಗಲು ಮೂರು ವರ್ಷ ಹಿಡಿಯಿತು.

2015ರ ಏಪ್ರಿಲ್‌ನಲ್ಲಿ ಆದಾಯ ತೆರಿಗೆಯ ಕೆಲಸಕ್ಕೆ ಬ್ಯಾಂಕಿನಿಂದ ಬಡ್ಡಿ ಪ್ರಮಾಣಪತ್ರ ತರಲು ಹೋದವನು, ಸಾಲದ ಖಾತೆಯ ಪೂರ್ಣ ವಿವರವನ್ನೂ ಕೇಳಿ ಪಡೆದೆ. ಅಷ್ಟು ಹೊತ್ತಿಗೆ 36 ಕಂತು ಕಟ್ಟಿದ್ದೆ. ಒಂದೂ ತಪ್ಪಿರಲಿಲ್ಲ. ಒಟ್ಟು ಕಟ್ಟಿದ್ದು 10,78,236 ರೂಪಾಯಿ. ಕೊನೆಯ ಸಾಲಿನಲ್ಲಿ ಬಾಕಿ ಅಸಲು ಎಂದು ಇದ್ದ ಅಂಕಿ ಸುಮಾರು 28.44 ಲಕ್ಷ. ಹತ್ತು ಲಕ್ಷಕ್ಕೂ ಮೀರಿ ಕಟ್ಟಿದ ಮೇಲೆ ನನ್ನ ಸಾಲ ಇಳಿದದ್ದು ಒಂದೂವರೆ ಲಕ್ಷದಷ್ಟು. ಉಳಿದ ಒಂಬತ್ತು ಲಕ್ಷಕ್ಕೂ ಹೆಚ್ಚು ಹಣ ಬಡ್ಡಿಗೆ ಹೋಗಿತ್ತು. ಶಾಖೆಯ ಕಬ್ಬಿಣದ ಕುರ್ಚಿಯ ಮೇಲೆ ಕುಳಿತು ಆ ಹಾಳೆಗಳನ್ನು ಎರಡು ಸಲ ಓದಿದೆ, ಏನೋ ತಪ್ಪಾಗಿದೆಯೆಂದು ಕೌಂಟರಿಗೂ ಹೋಗಿ ವಿಚಾರಿಸಿದೆ. ತಪ್ಪೇನೂ ಆಗಿರಲಿಲ್ಲ.

ಇದರ ಹಿಂದಿನ ಲೆಕ್ಕ ಸರಳವಾಗಿದೆ. ಬಾಕಿ ಇರುವ ಅಸಲಿನ ಮೇಲೆ ಆ ತಿಂಗಳ ಬಡ್ಡಿಯನ್ನು ಮೊದಲು ಹಿಡಿದುಕೊಂಡು, ಕಂತಿನಲ್ಲಿ ಮಿಕ್ಕಿದ್ದನ್ನು ಮಾತ್ರ ಅಸಲಿಗೆ ಜಮಾ ಮಾಡುತ್ತಾರೆ. 30 ಲಕ್ಷಕ್ಕೆ ಶೇ. 10.5ರಂತೆ ಮೊದಲ ತಿಂಗಳ ಬಡ್ಡಿಯೇ 26,250 ರೂಪಾಯಿ. 29,951ರ ಕಂತಿನಲ್ಲಿ ಅಸಲಿಗೆ ಉಳಿಯುವುದು 3,701 ರೂಪಾಯಿ. ಮುಂದಿನ ತಿಂಗಳು ಬಡ್ಡಿ ಮೂವತ್ತೆರಡು ರೂಪಾಯಿಯಷ್ಟು ಕಡಿಮೆಯಾಗುತ್ತದೆ, ಅಸಲಿನ ಪಾಲು ಅಷ್ಟೇ ಹೆಚ್ಚುತ್ತದೆ. ಹೀಗೆ ಅಂಗುಲ ಅಂಗುಲವಾಗಿ ಸರಿಯುತ್ತಾ, ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೊದಲ ಬಾರಿಗೆ ಮೀರುವುದು 162ನೆಯ ತಿಂಗಳಿನಲ್ಲಿ, ಅಂದರೆ ಸಾಲ ತೆಗೆದುಕೊಂಡು ಹದಿಮೂರೂವರೆ ವರ್ಷವಾದಾಗ. ಸಾಲ ಅರ್ಧಕ್ಕಿಳಿದು 15 ಲಕ್ಷಕ್ಕೆ ಬರಲು ಹದಿನಾಲ್ಕೂವರೆ ವರ್ಷ ಬೇಕು. ಅಪ್ಪನ ಪ್ರಶ್ನೆಗೆ ನಾನು ಅಂದು ಕೊಡಬೇಕಿದ್ದ ಉತ್ತರ ಇದು. ಇಪ್ಪತ್ತು ವರ್ಷವೂ ದರ ಬದಲಾಗದೆ ಹೀಗೆಯೇ ಕಟ್ಟಿ ಮುಗಿಸಿದ್ದರೆ ಒಟ್ಟು 71.88 ಲಕ್ಷ ಕಟ್ಟಿರುತ್ತಿದ್ದೆ. ಅದರಲ್ಲಿ ಬಡ್ಡಿಯೇ 41.88 ಲಕ್ಷ.

ಅಪ್ಪನ ಸಾಲದ ಪುಸ್ತಕದಲ್ಲಿ ಪುಟವನ್ನು ನಡುವೆ ಗೆರೆ ಎಳೆದು ಎರಡು ಮಾಡಿರುತ್ತಿತ್ತು. ಎಡಕ್ಕೆ 'ಬಡ್ಡಿಗೆ', ಬಲಕ್ಕೆ 'ಅಸಲಿಗೆ'. ಹತ್ತು ಹನ್ನೆರಡು ತಿಂಗಳು ಅಟ್ಟದಲ್ಲಿಟ್ಟು ಕಾದ ಕೊಬ್ಬರಿ ತಿಪಟೂರು ಮಾರುಕಟ್ಟೆಯಲ್ಲಿ ಒಳ್ಳೆಯ ಬೆಲೆಗೆ ಹೋದ ದಿನ, ಮನೆಗೆ ಬೇಕಾದ್ದನ್ನು ತೆಗೆದಿಟ್ಟು ಉಳಿದದ್ದನ್ನು ಬಲಗಡೆಯ ಸಾಲಿಗೆ ಹಾಕುತ್ತಿದ್ದರು. ಬಡ್ಡಿ ಕಟ್ಟುವುದೆಂದರೆ ಸಾಲ ತೀರಿಸುವುದಲ್ಲ ಎಂಬುದು ಅವರಿಗೆ ಹೇಳಿಸಿಕೊಳ್ಳದೆ ಗೊತ್ತಿತ್ತು. ನಮ್ಮ ಗೃಹಸಾಲದ ವ್ಯವಸ್ಥೆಯಲ್ಲಿ ಈ ಎರಡು ಸಾಲುಗಳು ಕಂತು ಎಂಬ ಒಂದೇ ಅಂಕಿಯೊಳಗೆ ಬೆರೆತುಹೋಗುತ್ತವೆ. ಆದ್ದರಿಂದ ನಾವು ಕೇಳುವುದು ಕಂತು ಎಷ್ಟು, ಸಂಬಳದಲ್ಲಿ ಹೊಂದುತ್ತದೆಯೇ ಎಂದು ಮಾತ್ರ. ಕಂತು ಹೊಂದದಿದ್ದರೆ ಅದಕ್ಕೆ ಸುಲಭವಾದ ದಾರಿಯೊಂದು ಯಾವಾಗಲೂ ಸಿದ್ಧವಾಗಿರುತ್ತದೆ, ಅದು ಅವಧಿಯನ್ನು ಹಿಗ್ಗಿಸುವುದು.

ಅವಧಿಯನ್ನು ಹಿಗ್ಗಿಸಿದರೆ ಏನಾಗುತ್ತದೆ ಎಂಬುದನ್ನು ಇಂದಿನವರು ಹೆಚ್ಚಾಗಿ ಪಡೆಯುವ ಮೊತ್ತದಲ್ಲಿ ನೋಡಬಹುದು. 50 ಲಕ್ಷ ರೂಪಾಯಿಗೆ ಶೇ. 8.5ರ ಬಡ್ಡಿ ಎಂದುಕೊಳ್ಳೋಣ. 15 ವರ್ಷಕ್ಕಾದರೆ ಕಂತು 49,237 ರೂಪಾಯಿ, ಒಟ್ಟು ಬಡ್ಡಿ 38.63 ಲಕ್ಷ. 20 ವರ್ಷಕ್ಕೆ ಕಂತು 43,391, ಬಡ್ಡಿ 54.14 ಲಕ್ಷ. 30 ವರ್ಷಕ್ಕೆ ಕಂತು 38,446, ಬಡ್ಡಿ 88.40 ಲಕ್ಷ. ಇಪ್ಪತ್ತರಿಂದ ಮೂವತ್ತಕ್ಕೆ ಹೋದಾಗ ತಿಂಗಳಿಗೆ ಉಳಿಯುವುದು ಐದು ಸಾವಿರಕ್ಕೂ ಕಡಿಮೆ. ಅದಕ್ಕಾಗಿ ಹೆಚ್ಚಾಗಿ ತೆರುವುದು 34 ಲಕ್ಷಕ್ಕೂ ಮೇಲೆ. ದರದಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ಮೂರು ಬ್ಯಾಂಕು ಸುತ್ತುವ ಜನರೇ ಅವಧಿಯ ಚೌಕದಲ್ಲಿ ಮಾತ್ರ ಬ್ಯಾಂಕಿನವರು ಬರೆದದ್ದಕ್ಕೆ ಸಹಿ ಹಾಕಿ ಬರುತ್ತಾರೆ. ನಾನೂ ಹಾಗೆಯೇ ಮಾಡಿದ್ದೆ. ಗೃಹಸಾಲದ ಬೆಲೆ ನಿರ್ಧಾರವಾಗುವುದು ದರಕ್ಕಿಂತ ಹೆಚ್ಚಾಗಿ ವರ್ಷಗಳಲ್ಲಿ ಎಂಬುದು ಈ ಹನ್ನೆರಡು ವರ್ಷಗಳಲ್ಲಿ ನನಗೆ ಖಚಿತವಾಗಿರುವ ಸಂಗತಿ.

ಇಲ್ಲಿ ಒಂದು ನ್ಯಾಯವಾದ ಆಕ್ಷೇಪವಿದೆ, ಅದನ್ನು ಬಿಟ್ಟು ಮುಂದೆ ಹೋಗುವುದು ಸರಿಯಲ್ಲ. ಇಪ್ಪತ್ತು ವರ್ಷಗಳಲ್ಲಿ ಕಟ್ಟುವ ರೂಪಾಯಿಗಳನ್ನೆಲ್ಲ ಒಟ್ಟು ಕೂಡಿ, ಮೂವತ್ತು ಲಕ್ಷಕ್ಕೆ ಎಪ್ಪತ್ತೆರಡು ಲಕ್ಷ ಎಂದು ಗಾಬರಿಯಾಗುವುದು ಪೂರ್ತಿ ಸರಿಯಾದ ಲೆಕ್ಕವಲ್ಲ. ವರ್ಷಕ್ಕೆ ಸರಾಸರಿ ಶೇ. 5ರಷ್ಟು ಬೆಲೆ ಏರುತ್ತದೆ ಎಂದಿಟ್ಟುಕೊಂಡರೆ, ಇಪ್ಪತ್ತನೆಯ ವರ್ಷದ ಕೊನೆಯಲ್ಲಿ ಕಟ್ಟುವ 29,951 ರೂಪಾಯಿಗೆ ಸಾಲ ತೆಗೆದ ದಿನದ ಲೆಕ್ಕದಲ್ಲಿ ಇರುವ ಬೆಲೆ 11,300 ರೂಪಾಯಿಯ ಆಸುಪಾಸು. ಸಂಬಳವೂ ಏರುತ್ತದೆ, ಮೊದಲ ವರ್ಷ ಸಂಬಳದ ಅರ್ಧವನ್ನು ನುಂಗಿದ ಕಂತು ಹತ್ತನೆಯ ವರ್ಷಕ್ಕೆ ಅಷ್ಟು ಭಾರವಾಗಿ ಕಾಣುವುದಿಲ್ಲ. ಜೊತೆಗೆ ಬಾಡಿಗೆ ಉಳಿಯುತ್ತದೆ. 2012ರಲ್ಲಿ ನಾವು ಇದ್ದ ಅಂಥದ್ದೇ ಮನೆಗೆ 9,000 ರೂಪಾಯಿ ಬಾಡಿಗೆ ಕೊಡುತ್ತಿದ್ದೆವು; ನಮ್ಮ ಕಟ್ಟಡದಲ್ಲಿಯೇ 2024ರಲ್ಲಿ ಅದೇ ಅಳತೆಯ ಮನೆ 22,000ಕ್ಕೆ ಹೋಯಿತು. ಇದನ್ನೆಲ್ಲ ಒಪ್ಪಿಕೊಂಡ ಮೇಲೂ ಒಂದು ಮಾತು ಉಳಿಯುತ್ತದೆ. ಹಣದುಬ್ಬರ ಹಗುರ ಮಾಡುವುದು ಕೊನೆಯ ವರ್ಷಗಳ ಕಂತನ್ನು, ಆದರೆ ಬಡ್ಡಿಯ ದೊಡ್ಡ ಪಾಲು ಹೋಗುವುದು ಮೊದಲ ವರ್ಷಗಳಲ್ಲಿ, ರೂಪಾಯಿಗೆ ಇನ್ನೂ ಪೂರ್ತಿ ತೂಕ ಇರುವಾಗ, ಮಕ್ಕಳು ಚಿಕ್ಕವರಾಗಿ ಸಂಬಳವೂ ಚಿಕ್ಕದಾಗಿರುವಾಗ. 2014ರಲ್ಲಿ ಹುಬ್ಬಳ್ಳಿಯಲ್ಲಿ ನನಗೆ ಮನಸ್ಸಿಗೆ ಹಿಡಿಸುವಂಥ ಕೆಲಸವೊಂದು ಸಿಕ್ಕಿತ್ತು. ಸಂಬಳ ತುಸು ಕಡಿಮೆ ಇತ್ತು. ಕಂತಿನ ಲೆಕ್ಕ ಹಾಕಿ ಅದನ್ನು ಬಿಟ್ಟೆ. ಅಂಥ ಸಂಗತಿ ಯಾವ ಬ್ಯಾಂಕಿನ ವಿವರಪಟ್ಟಿಯಲ್ಲೂ ಬರುವುದಿಲ್ಲ, ಆದರೆ ಅದೂ ಈ ಸಾಲದ ವೆಚ್ಚವೇ.

ಆರಂಭದ ದಿನಗಳಲ್ಲೇ ಲೆಕ್ಕದಿಂದ ಜಾರಿಹೋಗುವ ವೆಚ್ಚಗಳೂ ಇವೆ. ಈಗಿನ ನಿಯಮದಂತೆ ಬ್ಯಾಂಕುಗಳು 30 ಲಕ್ಷದವರೆಗಿನ ಗೃಹಸಾಲವನ್ನು ಮನೆಯ ಬೆಲೆಯ ಶೇ. 90ರವರೆಗೆ, 30ರಿಂದ 75 ಲಕ್ಷದವರೆಗಿನದನ್ನು ಶೇ. 80ರವರೆಗೆ, ಅದಕ್ಕೂ ಮೇಲಿನದನ್ನು ಶೇ. 75ರವರೆಗೆ ಕೊಡಬಹುದು, ಸಾಮಾನ್ಯವಾಗಿ ಮುದ್ರಾಂಕ ಶುಲ್ಕ ಮತ್ತು ನೋಂದಣಿ ಶುಲ್ಕವನ್ನು ಆ ಬೆಲೆಯೊಳಗೆ ಸೇರಿಸುವಂತಿಲ್ಲ. ಕರ್ನಾಟಕದಲ್ಲಿ 45 ಲಕ್ಷ ಮೀರಿದ ಮನೆಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲಿನ ಸೆಸ್ ಮತ್ತು ಸರ್‌ಚಾರ್ಜ್ ಸೇರಿ ನಗರದಲ್ಲಿ ಶೇ. 5.6, ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1ರ ಬದಲು ಶೇ. 2 ಆಗಿದೆ. ಹಾಗಾಗಿ 80 ಲಕ್ಷದ ಮನೆಗೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲೇ 6.08 ಲಕ್ಷ ಬೇಕು, ಬ್ಯಾಂಕು ಕೊಡದ 16 ಲಕ್ಷವೂ ಕೈಯಿಂದ ಬರಬೇಕು. ಆ 22 ಲಕ್ಷ ಎಲ್ಲರ ಬಳಿಯೂ ಸಿದ್ಧವಾಗಿ ಇರುವುದಿಲ್ಲ. ನನ್ನ ವಿಷಯದಲ್ಲಿ ಕೊರತೆ ಬಿದ್ದ ಎರಡು ಲಕ್ಷಕ್ಕೆ ನನ್ನ ಪತ್ನಿಯ ನಾಲ್ಕು ಬಳೆ ಮತ್ತು ಅವರಮ್ಮ ಕೊಟ್ಟಿದ್ದ ಸರವನ್ನು ನೂರಕ್ಕೆ ಒಂದು ರೂಪಾಯಿಯಂತೆ ಗಿರವಿ ಇಟ್ಟೆವು. ಅವು ಮರಳಿ ಮನೆಗೆ ಬಂದದ್ದು ಎರಡು ವರ್ಷದ ಮೇಲೆ, 48,000 ರೂಪಾಯಿ ಬಡ್ಡಿ ಕಟ್ಟಿದ ನಂತರ. ಗೃಹಸಾಲದ ಬೆಲೆಯನ್ನು ಲೆಕ್ಕ ಹಾಕುವವರು ಅದರ ಬೆನ್ನಿಗೆ ಅಂಟಿಕೊಂಡು ಬರುವ ಇಂಥ ಚಿಕ್ಕ ಸಾಲಗಳನ್ನೂ ಅದೇ ಪುಟದಲ್ಲಿ ಬರೆದುಕೊಳ್ಳಬೇಕು.

ಸಾಲದ ಕಾಗದಗಳಿಗೆ ಸಹಿ ಹಾಕುವ ದಿನ ಮೇಜಿನ ಆಚೆ ಕುಳಿತವರು ಇನ್ನೊಂದು ಅರ್ಜಿಯನ್ನೂ ಮುಂದಿಟ್ಟರು. ಒಂದೇ ಬಾರಿ 90,000 ರೂಪಾಯಿ ಪ್ರೀಮಿಯಂ ಕಟ್ಟುವ ಜೀವ ವಿಮೆ. ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತೇವೆ, ಕಂತು ಒಂಬೈನೂರು ರೂಪಾಯಿ ಹೆಚ್ಚಾಗುತ್ತದೆ ಅಷ್ಟೆ ಎಂದರು. ತಿಂಗಳಿಗೆ ಒಂಬೈನೂರು ಎಂದರೆ ಇಪ್ಪತ್ತು ವರ್ಷಕ್ಕೆ ಎರಡು ಲಕ್ಷದ ಹದಿನೈದು ಸಾವಿರಕ್ಕೂ ಹೆಚ್ಚು. ಮನೆಯ ದುಡಿಯುವ ವ್ಯಕ್ತಿ ಇಲ್ಲವಾದರೆ ಸಾಲ ಹೆಂಡತಿ ಮಕ್ಕಳ ಮೇಲೆ ಬೀಳಬಾರದು ಎಂಬುದು ನಿಜ, ವಿಮೆ ಬೇಕೇ ಬೇಕು. ಆದರೆ ಅದನ್ನು ಸಾಲದೊಳಗೆ ಸೇರಿಸಿ ಬಡ್ಡಿ ತೆರುವ ಅಗತ್ಯವಿಲ್ಲ. ವರ್ಷವರ್ಷ ಪ್ರೀಮಿಯಂ ಕಟ್ಟುವ ಟರ್ಮ್ ಪಾಲಿಸಿಯನ್ನು ನಾನು ಬೇರೆಯಾಗಿ ಮಾಡಿಸಿದೆ.

ಇನ್ನು ತೆರಿಗೆ ಉಳಿತಾಯದ ಮಾತು. ಸಾಲ ಬೇಗ ತೀರಿಸಬೇಡ, ತೆರಿಗೆ ವಿನಾಯಿತಿ ಹೋಗುತ್ತದೆ ಎಂದು ನನಗೆ ಹೇಳದ ಸಹೋದ್ಯೋಗಿಗಳಿಲ್ಲ. ಮೊದಲ ವರ್ಷ ನಾನು ಕಟ್ಟಿದ ಬಡ್ಡಿ 3.13 ಲಕ್ಷ. ಆಗ ವಾಸದ ಮನೆಯ ಬಡ್ಡಿಗೆ ಸಿಗುತ್ತಿದ್ದ ಕಡಿತದ ಮಿತಿ ಒಂದೂವರೆ ಲಕ್ಷ. ಅದು ಎರಡು ಲಕ್ಷವಾದದ್ದು 2014ರ ಬಜೆಟ್ಟಿನಲ್ಲಿ. ಶೇ. 20ರ ಹಂತದಲ್ಲಿದ್ದ ನನಗೆ ಆ ವರ್ಷ ಉಳಿದ ತೆರಿಗೆ, ಸೆಸ್ ಸೇರಿ, 30,900 ರೂಪಾಯಿ. ಮೂವತ್ತು ಸಾವಿರ ಉಳಿಸಲು ಮೂರು ಲಕ್ಷ ಕೊಡುವುದನ್ನು ಲಾಭ ಎಂದು ಕರೆಯಲು ನನಗೆ ಮನಸ್ಸು ಬರಲಿಲ್ಲ. ಈಗಂತೂ ಹೊಸ ತೆರಿಗೆ ಪದ್ಧತಿಯನ್ನು ಆಯ್ದುಕೊಂಡವರಿಗೆ ತಾವೇ ವಾಸಿಸುವ ಮನೆಯ ಬಡ್ಡಿಗೆ ಆ ಕಡಿತವೂ ಇಲ್ಲ.

ಬಡ್ಡಿಯ ದರದ ಕಥೆಯನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ನಮ್ಮಲ್ಲಿ ಹೆಚ್ಚಿನ ಗೃಹಸಾಲಗಳು ಫ್ಲೋಟಿಂಗ್ ದರದವು, ಅಂದರೆ ಅವಧಿಯ ನಡುವೆ ಏರಿಳಿಯುವ ದರದವು, ಆ ದರ ತೇಲುವ ರೀತಿ ಎಲ್ಲರಿಗೂ ಒಂದೇ ಆಗಿಲ್ಲ. ನನ್ನ ಸಾಲ ಬೇಸ್ ರೇಟ್ ಕಾಲದ್ದು, ಅಂದರೆ ಬ್ಯಾಂಕು ತಾನೇ ಗೊತ್ತುಮಾಡಿದ ಕನಿಷ್ಠ ದರಕ್ಕೆ ಹೊಂದಿದ್ದು. ರಿಸರ್ವ್ ಬ್ಯಾಂಕ್ 2015ರ ಜನವರಿಯಿಂದ ಸೆಪ್ಟೆಂಬರ್‌ವರೆಗೆ ರೆಪೊ ದರವನ್ನು, ಅಂದರೆ ಬ್ಯಾಂಕುಗಳಿಗೆ ತಾನು ಕೊಡುವ ಅಲ್ಪಾವಧಿ ಸಾಲದ ದರವನ್ನು, ಶೇ. 8ರಿಂದ 6.75ಕ್ಕೆ ಇಳಿಸಿತು, ನನ್ನ ದರ ಇಳಿದದ್ದು ಅದರ ಒಂದು ಚೂರು ಮಾತ್ರ. ಅದೇ ಶಾಖೆಯಲ್ಲಿ ಹೊಸದಾಗಿ ಸಾಲ ಪಡೆಯುವವರಿಗೆ ನನಗಿಂತ ಕಡಿಮೆ ದರ ಎಂದು ಗೋಡೆಯ ಮೇಲೆ ಹಾಳೆ ಅಂಟಿಸಿದ್ದರು. 2016ರ ಏಪ್ರಿಲ್‌ನಲ್ಲಿ, ಬ್ಯಾಂಕಿಗೆ ಹೊಸದಾಗಿ ಹಣ ಹೊಂದಿಸಲು ತಗಲುವ ವೆಚ್ಚದ ಮೇಲೆ ದರ ಗೊತ್ತುಮಾಡುವ ಎಂಸಿಎಲ್‌ಆರ್ ಪದ್ಧತಿ ಬಂದಾಗ ನಾನು ಅರ್ಜಿ ಕೊಟ್ಟು, ಬದಲಾವಣೆಯ ಶುಲ್ಕ ಕಟ್ಟಿ, ಅದಕ್ಕೆ ಹೋದೆ. ರೆಪೊ ದರದ ಇಳಿಕೆ ಹಳೆಯ ಸಾಲಗಾರರಿಗೆ ಸರಿಯಾಗಿ ತಲುಪುತ್ತಿಲ್ಲ ಎಂದು 2017ರಲ್ಲಿ ರಿಸರ್ವ್ ಬ್ಯಾಂಕಿನ ಅಧ್ಯಯನ ತಂಡವೇ ಕಂಡುಕೊಂಡಿತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಗೃಹಸಾಲಗಳನ್ನು ರೆಪೊದಂಥ ಹೊರಗಿನ ಮಾನದಂಡಕ್ಕೆ ಕಟ್ಟುವುದು ಕಡ್ಡಾಯವಾಯಿತು. 2020ರಲ್ಲಿ ನಾನು ಮತ್ತೊಂದು ಅರ್ಜಿ ಕೊಟ್ಟು ರೆಪೊಗೆ ಹೊಂದಿದ ದರಕ್ಕೆ ಬಂದೆ. ಎರಡು ಸಲವೂ ಬ್ಯಾಂಕು ತಾನಾಗಿ ನನಗೆ ಏನನ್ನೂ ಹೇಳಲಿಲ್ಲ. ಕೇಳಿದವರಿಗೆ ಮಾತ್ರ ಸಿಗುವ ದರ ಅದು. 30 ಲಕ್ಷಕ್ಕೆ 20 ವರ್ಷ ಶೇ. 9ರ ಬದಲು 8.5 ಆದರೆ ಕಂತಿನಲ್ಲಿ ಉಳಿಯುವುದು 957 ರೂಪಾಯಿ, ಒಟ್ಟಿನಲ್ಲಿ ಎರಡು ಲಕ್ಷದ ಮೂವತ್ತು ಸಾವಿರದಷ್ಟು. ಒಂದು ಅರ್ಜಿ ಬರೆಯದಿರುವುದರ ಬೆಲೆ ಅಷ್ಟಿರಬಹುದು.

ರೆಪೊಗೆ ಕಟ್ಟಿದ ದರ ಇಳಿಯುವಾಗ ಬೇಗ ಇಳಿಯುವ ಹಾಗೆಯೇ ಏರುವಾಗಲೂ ಬೇಗ ಏರುತ್ತದೆ. ನನ್ನ ತಂಗಿ 2021ರ ಆಗಸ್ಟ್‌ನಲ್ಲಿ ಮೈಸೂರಿನಲ್ಲಿ ಮನೆಗಾಗಿ 40 ಲಕ್ಷ ಸಾಲ ಮಾಡಿದಾಗ ರೆಪೊ ಶೇ. 4 ಇತ್ತು, ಅವಳ ದರ 6.7, ಕಂತು 30,296 ರೂಪಾಯಿ. 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯೊಳಗೆ ರೆಪೊ 6.5ಕ್ಕೆ ಏರಿ ಅವಳ ದರ 9.2 ಆಯಿತು. ಅಷ್ಟಾದರೂ ಕಂತು ಮೊದಮೊದಲು ಹಾಗೆಯೇ ಇತ್ತು, ಆದ್ದರಿಂದ ಅವಳಿಗೆ ಏನೂ ತಿಳಿದಿರಲಿಲ್ಲ. ಬ್ಯಾಂಕಿನ ಕಂಪ್ಯೂಟರು ಕಂತನ್ನು ಮುಟ್ಟದೆ ಅವಧಿಯನ್ನು ಹಿಗ್ಗಿಸುತ್ತಾ ಹೋಗಿತ್ತು. ನಾನು ಕುಳಿತು ಲೆಕ್ಕ ಹಾಕಿದೆ: ಬಾಕಿ 38.5 ಲಕ್ಷದ ಮೇಲೆ ಶೇ. 9.2ರಂತೆ ತಿಂಗಳ ಬಡ್ಡಿಯೇ ಸುಮಾರು 29,500 ರೂಪಾಯಿ. ಕಂತಿನಲ್ಲಿ ಅಸಲಿಗೆ ಉಳಿಯುವುದು ಎಂಟುನೂರು ರೂಪಾಯಿಗೂ ಕಡಿಮೆ. ಆ ಕಂತಿನಲ್ಲೇ ಮುಂದುವರಿದರೆ ಸಾಲ ತೀರಲು ಇನ್ನೂ ನಲವತ್ತು ವರ್ಷ ಬೇಕು. ಆಗ ಅವಳ ವಯಸ್ಸು 38. ಕೊನೆಗೆ ಬ್ಯಾಂಕೂ ಅದನ್ನು ಒಪ್ಪಲಾಗದೆ ಕಂತನ್ನು ಏರಿಸಲು ಹೇಳಿತು. ಮೊದಲಿನ ಅವಧಿಯನ್ನೇ ಉಳಿಸಿಕೊಂಡರೆ 36,147 ರೂಪಾಯಿ. ತಿಂಗಳಿಗೆ ಸುಮಾರು 5,850 ಹೆಚ್ಚು. ಕಷ್ಟವಾದರೂ ಅದನ್ನೇ ಆರಿಸಿಕೋ ಎಂದು ಅವಳಿಗೆ ಹೇಳಿದೆ, ಅವಳು ಹಾಗೆಯೇ ಮಾಡಿದಳು. ಸಾಲಗಾರರಿಗೆ ತಿಳಿಸದೆ ಹೀಗೆ ಅವಧಿ ಹಿಗ್ಗಿಸುವುದು ಎಷ್ಟು ವ್ಯಾಪಕವಾಗಿತ್ತೆಂದರೆ, 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿ, ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಹಿಗ್ಗಿಸಬೇಕೋ ಎರಡನ್ನೂ ಬೆರೆಸಬೇಕೋ ಎಂಬ ಆಯ್ಕೆಯನ್ನು ಸಾಲಗಾರರಿಗೇ ಕೊಡಬೇಕು, ಮೂರು ತಿಂಗಳಿಗೊಮ್ಮೆ ಕಟ್ಟಿದ ಅಸಲು, ಬಡ್ಡಿ, ಉಳಿದ ಕಂತುಗಳ ವಿವರ ಒದಗಿಸಬೇಕು ಎಂದು ಹೇಳಬೇಕಾಯಿತು.

ಕೋವಿಡ್ ಕಾಲದಲ್ಲಿ, 2020ರ ಮಾರ್ಚ್‌ನಿಂದ ಆಗಸ್ಟ್‌ವರೆಗೆ ಕೊಟ್ಟಿದ್ದ ಕಂತು ಮುಂದೂಡುವ ಅವಕಾಶದಲ್ಲೂ ಇದೇ ಲೆಕ್ಕ ಅಡಗಿತ್ತು. ಸಂಬಳ ನಿಂತವರಿಗೆ ಅದು ನಿಜವಾದ ಆಸರೆ. ಆದರೆ ಸಂಬಳ ಬರುತ್ತಿದ್ದವರೂ ಅನೇಕರು ಅದನ್ನು ಉಚಿತ ಎಂದುಕೊಂಡು ತೆಗೆದುಕೊಂಡರು. 30 ಲಕ್ಷದ, ಶೇ. 8.5ರ, ಒಂದು ವರ್ಷ ಹಳೆಯ ಇಪ್ಪತ್ತು ವರ್ಷದ ಸಾಲದಲ್ಲಿ ಆರು ಕಂತು ಬಿಟ್ಟು, ಕಂತಿನ ಮೊತ್ತವನ್ನು ಏರಿಸದೆ ಮುಂದುವರಿದರೆ, ಸಾಲ ಮುಗಿಯುವ ದಿನ 33 ತಿಂಗಳು ಮುಂದಕ್ಕೆ ಹೋಗುತ್ತದೆ. ಬಡ್ಡಿಯ ಮೇಲಿನ ಬಡ್ಡಿಯನ್ನು ಆ ವರ್ಷದ ನವೆಂಬರ್‌ನಲ್ಲಿ ಕೇಂದ್ರ ಸರ್ಕಾರ ಎರಡು ಕೋಟಿವರೆಗಿನ ಸಾಲಗಳಿಗೆ ಭರಿಸಿತಾದರೂ, ಅದು ಹೀಗೆ ಹೆಚ್ಚಾಗಿ ಕಟ್ಟಬೇಕಾಗುವ ಮೊತ್ತದ ಮುಂದೆ ತೀರ ಚಿಕ್ಕದು.

2015ರ ಆ ಹಾಳೆಗಳನ್ನು ನೋಡಿದ ಮೇಲೆ ನಾನು ಹಿಡಿದ ದಾರಿ ಅಪ್ಪನ ಪುಸ್ತಕದ ಬಲಗಡೆಯ ಸಾಲಿನದು. ವ್ಯಕ್ತಿಗಳು ಪಡೆದ ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚಿತವಾಗಿ ತೀರಿಸಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2012ರ ಜೂನ್‌ನಲ್ಲೇ ಹೇಳಿತ್ತು; ನನಗದು ಗೊತ್ತಿರಲಿಲ್ಲ. ಆ ಏಪ್ರಿಲ್‌ನಲ್ಲಿ ಕೈಯಲ್ಲಿದ್ದ ಒಂದೂವರೆ ಲಕ್ಷವನ್ನು, ಅಸಲಿಗೆ ಜಮಾ ಮಾಡಿ, ಕಂತು ಹಾಗೆಯೇ ಇರಲಿ, ಅವಧಿ ಕಡಿಮೆಯಾಗಲಿ ಎಂದು ಬರೆದುಕೊಟ್ಟು ಕಟ್ಟಿದೆ. ಈ ಬರೆದುಕೊಡುವುದು ಮುಖ್ಯ. ಮುಂದಿನ ವರ್ಷಗಳಲ್ಲಿ ಬೋನಸ್ ಬಂದಾಗ, ಚೀಟಿ ಎತ್ತಿದಾಗ, ಒಂದು ಸಲ ಊರಿನ ತೋಟದ ಪಾಲು ಬಂದಾಗ, ಒಟ್ಟು ಆರು ಬಾರಿ ಏಳು ಲಕ್ಷ ರೂಪಾಯಿ ಹೀಗೆ ಹಾಕಿದೆ.

ಎಷ್ಟು ಹಾಕಿದೆ ಎಂಬುದಕ್ಕಿಂತ ಯಾವಾಗ ಹಾಕಿದೆ ಎಂಬುದು ಇಲ್ಲಿ ಹೆಚ್ಚಿನದು. ನನ್ನದೇ ಸಾಲದಲ್ಲಿ, ಒಂದು ವರ್ಷ ಮುಗಿದ ದಿನ ಒಂದು ಲಕ್ಷವನ್ನು ಅಸಲಿಗೆ ಕಟ್ಟಿದ್ದರೆ ಕೊನೆಯ 22 ಕಂತುಗಳು, ಅಂದರೆ ಸುಮಾರು 6.6 ಲಕ್ಷ ರೂಪಾಯಿ, ಕಟ್ಟುವುದೇ ತಪ್ಪುತ್ತಿತ್ತು. ಅದೇ ಒಂದು ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಯಲ್ಲಿ ಕಟ್ಟಿದರೆ ತಪ್ಪುವುದು ಐದೂವರೆ ಕಂತು, 1.65 ಲಕ್ಷ ಮಾತ್ರ. ಮೊದಲ ಮೂರು ವರ್ಷ ಈ ವಿಷಯ ತಿಳಿಯದೆ ಹಬ್ಬದ ಮುಂಗಡ, ಹಳೆಯ ಠೇವಣಿ ಎಂದು ಉಳಿತಾಯ ಖಾತೆಯಲ್ಲಿ ಶೇ. 4ಕ್ಕೆ ಬಿದ್ದಿದ್ದ ಹಣವನ್ನು ನೆನೆದರೆ ಇಂದಿಗೂ ವ್ಯಥೆಯಾಗುತ್ತದೆ. ಆ ಹಣವನ್ನು ಮ್ಯೂಚುವಲ್ ಫಂಡಿನಲ್ಲಿ ಹಾಕಿದ್ದರೆ ಇನ್ನೂ ಹೆಚ್ಚು ಬರುತ್ತಿತ್ತು ಎನ್ನುವವರಿದ್ದಾರೆ. ಬರಬಹುದಿತ್ತು. ಆದರೆ ಸಾಲದ ಬಡ್ಡಿಯನ್ನು ತಪ್ಪಿಸುವುದು ಯಾವ ಅಪಾಯವೂ ಇಲ್ಲದ, ತೆರಿಗೆಯೂ ಬೀಳದ ಗಳಿಕೆ. 2020ರ ಏಪ್ರಿಲ್‌ನಿಂದ ಸರ್ಕಾರದ ಉಳಿತಾಯ ಯೋಜನೆಯಾದ ಪಿಪಿಎಫ್ ಕೊಡುತ್ತಿರುವುದೇ ಶೇ. 7.1 ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಬೇಕು. ಆರು ತಿಂಗಳ ಮನೆಖರ್ಚನ್ನು ಬೇರೆ ತೆಗೆದಿಟ್ಟ ಮೇಲೆ ಉಳಿದದ್ದು ಮೊದಲು ಅಸಲಿಗೆ ಹೋಗಲಿ ಎಂಬುದೇ ನನ್ನ ಅಭಿಪ್ರಾಯ.

2024ರ ಏಪ್ರಿಲ್‌ನಲ್ಲಿ ಕೊನೆಯ ಒಂದೂವರೆ ಲಕ್ಷವನ್ನು ಒಟ್ಟಿಗೆ ಕಟ್ಟಿ ಸಾಲ ಮುಗಿಸಿದೆ. ಹನ್ನೆರಡು ವರ್ಷದಲ್ಲಿ ಕಟ್ಟಿದ್ದು ಒಟ್ಟು 51.6 ಲಕ್ಷ, ಅದರಲ್ಲಿ ಬಡ್ಡಿ 21.6 ಲಕ್ಷ. ಮೊದಲ ಪತ್ರದ ಪ್ರಕಾರ ಹೋಗಬೇಕಿದ್ದ 41.88 ಲಕ್ಷದಲ್ಲಿ ಅರ್ಧದಷ್ಟು ಉಳಿಯಿತು. ಆ ಬಡ್ಡಿಯಲ್ಲಿ 9.2 ಲಕ್ಷ ಮೊದಲ ಮೂರೇ ವರ್ಷದ್ದು. ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು, ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಗೆ ಬಂದಿತ್ತು. ನನಗೆ ಮೂರನೆಯ ವಾರದಲ್ಲಿ ಕ್ರಯಪತ್ರ ಕೈಗೆ ಬಂತು. ಪತ್ರ ಬಂದರೆ ಸಾಲದು, ಸಾಲಕ್ಕಾಗಿ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಾಯಿಸಿದ್ದ ಅಡಮಾನವನ್ನು ಬಿಡುಗಡೆ ಪತ್ರದಿಂದ ತೆರವು ಮಾಡಿಸಿಕೊಳ್ಳಬೇಕು. ಇಲ್ಲವಾದರೆ ಋಣಭಾರ ಪತ್ರದಲ್ಲಿ ತೀರಿದ ಸಾಲವೂ ಹಾಗೆಯೇ ಕಾಣುತ್ತಿರುತ್ತದೆ. ಅದಕ್ಕೆ ಎರಡು ದಿನ ರಜೆ ಹಾಕಿದೆ. ಹೊಸ ಋಣಭಾರ ಪತ್ರವನ್ನು ಊರಿಗೆ ತೆಗೆದುಕೊಂಡು ಹೋದಾಗ ಅಪ್ಪ ಕನ್ನಡಕ ಹಾಕಿಕೊಂಡು ಪೂರ್ತಿ ಓದಿದರು, ಮಡಿಸಿ ಕೊಟ್ಟರು.

ಈಗ ಲೆಕ್ಕ ತಂಗಿಯದು. 2025ರಲ್ಲಿ ನಾಲ್ಕು ಬಾರಿ ಇಳಿದು ಡಿಸೆಂಬರ್‌ನಲ್ಲಿ ರೆಪೊ 5.25ಕ್ಕೆ ಬಂದಿರುವುದರಿಂದ ಅವಳ ದರ 7.95 ಆಗಿದೆ, ಬಾಕಿ ಅಸಲು 35.7 ಲಕ್ಷದ ಆಸುಪಾಸಿನಲ್ಲಿದೆ. ಕಂತನ್ನು 33,500ಕ್ಕೆ ಇಳಿಸಿಕೊಳ್ಳಬಹುದು ಎಂದು ಬ್ಯಾಂಕಿನಿಂದ ಸಂದೇಶ ಬಂದಿತ್ತು. "ಅಣ್ಣ, ತಿಂಗಳಿಗೆ ಎರಡೂವರೆ ಸಾವಿರ ಉಳಿಯುತ್ತೆ, ಇಳಿಸಿಕೊಳ್ಳಲಾ?" ಎಂದು ಫೋನ್ ಮಾಡಿದಳು. ಮೂರು ವರ್ಷದಿಂದ 36,147 ಕಟ್ಟಿ ರೂಢಿಯಾಗಿದೆಯಲ್ಲ, ಅದೇ ಇರಲಿ; ಹಾಗೆ ಬಿಟ್ಟರೆ ಗೊತ್ತಾದ ಅವಧಿಗಿಂತ ಎರಡು ವರ್ಷಕ್ಕೂ ಹೆಚ್ಚು ಮುಂಚೆಯೇ ಸಾಲ ಮುಗಿಯುತ್ತದೆ, ನಾಲ್ಕು ಲಕ್ಷದಷ್ಟು ಉಳಿಯುತ್ತದೆ ಎಂದು ಎರಡೂ ಲೆಕ್ಕಗಳನ್ನು ಬರೆದು ಕಳುಹಿಸಿದೆ. ಫೆಬ್ರವರಿ ಮೊದಲ ವಾರದಲ್ಲಿ ಅವಳು ಶಾಖೆಗೆ ಹೋಗಿ, ಕಂತು ಬದಲಿಸಬಾರದು, ಅವಧಿಯನ್ನು ಮಾತ್ರ ಕಡಿಮೆ ಮಾಡಬೇಕು ಎಂದು ಅರ್ಜಿ ಕೊಟ್ಟು, ನಕಲಿನ ಮೇಲೆ ಸ್ವೀಕೃತಿಯ ಮುದ್ರೆ ಹಾಕಿಸಿಕೊಂಡು ಬಂದಿದ್ದಾಳೆ.